ಮುಖ್ಯದ್ವಾರವನ್ನು ತಳ್ಳುವ, ಎಳೆಯುವ ಹಾಗೂ ಅದರ ಮುಂದೆ ಸುಮ್ಮನೆ ನಿಲ್ಲುವ ಕುರಿತು

ಇಲಾಖೆಯ ಕೇಂದ್ರ ಕಚೇರಿ
ಮುಖ್ಯ ಕಟ್ಟಡ, ನೆಲಮಹಡಿ (ಒಳಗೆ ಬರಲು ಸಾಧ್ಯವಾದಲ್ಲಿ)

ಸಂಖ್ಯೆ: ಇಕೇಕ/ಸಾಮಾನ್ಯ/ಬಾಗಿಲು/ಒಳ-ಹೊರ/ತಿದ್ದುಪಡಿಯ ತಿದ್ದುಪಡಿ

ಸುತ್ತೋಲೆ

ವಿಷಯ: ಕೇಂದ್ರ ಕಚೇರಿಯ ಮುಖ್ಯದ್ವಾರದ ಬಳಕೆಯ ನೀತಿ ಹಾಗೂ ದ್ವಾರ ಸಹಾಯಕಿ ಹುದ್ದೆಯ ಅಳಿವು-ಉಳಿವಿನ ಬಗ್ಗೆ.

ಉಲ್ಲೇಖ:
1. ಇದೇ ವಿಷಯದ ಹಿಂದಿನ ಸುತ್ತೋಲೆ (ಹಿಂಪಡೆಯಲಾಗಿದೆ).
2. ಅದನ್ನು ಹಿಂಪಡೆದ ಸುತ್ತೋಲೆ (ಇದನ್ನೂ ಹಿಂಪಡೆಯಲಾಗಿದೆ).
3. ಹುದ್ದೆ ಪರಿಶೀಲನಾಧಿಕಾರಿಗಳ ಮೊದಲ ಭೇಟಿಯ ವರದಿ.
4. ಅದೇ ಅಧಿಕಾರಿಗಳ ಎರಡನೇ ಭೇಟಿ. ವರದಿ ಬಂದಿರುವುದಿಲ್ಲ, ಬರುವ ಲಕ್ಷಣವೂ ಇಲ್ಲ.

ಪ್ರಸ್ತಾವನೆ

1. ಸುತ್ತೋಲೆಗಳನ್ನು ಜನಸಾಮಾನ್ಯರಿಗೆ ತಿಳಿಯುವ ಭಾಷೆಯಲ್ಲಿ ಬರೆಯತಕ್ಕದ್ದೆಂದು ಈ ಹಿಂದೆ, ಯಾರಿಗೂ ತಿಳಿಯದ ಭಾಷೆಯಲ್ಲಿ, ಸೂಚಿಸಲಾಗಿತ್ತು. ಸದರಿ ಸೂಚನೆಯನ್ನು ಸಾಮಾನ್ಯ ಶಾಖೆಯ ಅಧೀಕ್ಷಕರು (ಇನ್ನು ಮುಂದೆ 'ಕೆಳಸಹಿದಾರರು') ಎರಡು ಸಂಜೆ ಕೂತು ಓದಿ ಅರ್ಥಮಾಡಿಕೊಂಡಿರುತ್ತಾರೆ. ಆದಕಾರಣ ಈ ಸುತ್ತೋಲೆಯಲ್ಲಿ ಅಲ್ಲಲ್ಲಿ ಗಾದೆಮಾತು, ಸಿಟ್ಟು, ನಿಟ್ಟುಸಿರು ಇತ್ಯಾದಿಗಳು ಕಂಡುಬಂದಲ್ಲಿ ಅವು ನಿಯಮಾನುಸಾರವೇ ಬಂದಿವೆಯೆಂದು ಭಾವಿಸತಕ್ಕದ್ದು.

2. ಮುಖ್ಯದ್ವಾರವು ಗಾಜಿನದಾಗಿದ್ದು ಹೊರಮುಖವಾಗಿ ಮಾತ್ರ ತೆರೆಯುತ್ತದೆ. ಅರ್ಥಾತ್ ಹೊರಗಿರುವವರು ಎಳೆಯಬೇಕು, ಒಳಗಿರುವವರು ತಳ್ಳಬೇಕು. ಈ ಸಂಗತಿ ಬಾಗಿಲಿಗೆ ಗೊತ್ತಿತ್ತು, ಬೋರ್ಡ್ ಹಾಕಿದವನಿಗೆ ಗೊತ್ತಿರಲಿಲ್ಲ. ಉದ್ಘಾಟನೆಗೆ ಗಣ್ಯರು ಇನ್ನೇನು ಬಂದೇಬಿಟ್ಟರು ಎಂಬ ಗಡಿಬಿಡಿಯಲ್ಲಿ ಆತ ಹೊರಗಡೆ 'ತಳ್ಳಿ' ಎಂದೂ ಒಳಗಡೆ 'ಎಳೆಯಿರಿ' ಎಂದೂ ಬೋರ್ಡ್ ತಿರುಗಿಸಿ ಬಿಗಿದು, ಚಹಾ ಕುಡಿಯಲು ಹೋದವನು ಹೋದ. ಬಾಗಿಲಿಗೆ ಇಟ್ಟಿಗೆ ಕೊಟ್ಟು ತೆರೆದಿಟ್ಟಿದ್ದರಿಂದ ಗಣ್ಯರಿಗೆ ಏನೂ ತಿಳಿಯಲಿಲ್ಲ. ಗಣ್ಯರು ಹೋದ ಮೇಲೆ ಇಟ್ಟಿಗೆಯನ್ನೂ ಯಾರೋ ಒಯ್ದರು.

3. ಮರುದಿನದಿಂದ ಸಾರ್ವಜನಿಕರು ಬೋರ್ಡನ್ನು ನಂಬಿ ತಳ್ಳತೊಡಗಿದರು. ಬಾಗಿಲು ಜಪ್ಪಯ್ಯ ಅನ್ನಲಿಲ್ಲ. ಇವತ್ತು ರಜೆ ಇರಬೇಕು ಎಂದುಕೊಂಡು ಅವರು ತಮ್ಮ ತಮ್ಮ ಮನೆಗೆ ಹಿಂದಿರುಗಿದರು. ಇದರ ಫಲವಾಗಿ ಕೇಂದ್ರ ಕಚೇರಿಗೆ ಬರುವ ಅರ್ಜಿಗಳು ಕ್ರಮೇಣ ಇಳಿದು, ವರ್ಷಾಂತ್ಯಕ್ಕೆ ಬಾಕಿ ಅರ್ಜಿ ಎಂಬುದೇ ಇಲ್ಲವಾಯಿತು. ಜನರ ಕುಂದುಕೊರತೆಗಳು ಸಂಪೂರ್ಣ ನಿವಾರಣೆಯಾದ ಏಕೈಕ ಕಚೇರಿ ಎಂದು ಮೇಲಿನವರು ಪ್ರಶಂಸಾಪತ್ರ ನೀಡಿ, ಇದನ್ನು ಮಾದರಿ ನೀತಿಯೆಂದು ಘೋಷಿಸಿ, ಉಳಿದ ಕಚೇರಿಗಳೂ ಅಳವಡಿಸಿಕೊಳ್ಳುವಂತೆ ಆದೇಶಿಸಿದರು. ಪಕ್ಕಕ್ಕೆ ಸರಿಯುವ ಬಾಗಿಲಿದ್ದ ಒಂದು ಕಚೇರಿಯಂತೂ, ನಮ್ಮಲ್ಲಿ ಈ ನೀತಿ ಹೇಗೆ ಜಾರಿಮಾಡುವುದು ಎಂದು ತಲೆ ಚಚ್ಚಿಕೊಂಡು, ಚೆನ್ನಾಗಿದ್ದ ಬಾಗಿಲನ್ನು ಕಿತ್ತು ನಮ್ಮಂಥದ್ದನ್ನೇ ಹಾಕಿಸಿತು. ನೀತಿಯನ್ನು ಅಧ್ಯಯನ ಮಾಡಲು ಬಂದ ತಂಡವೊಂದು ಹೊರಗಿನಿಂದಲೇ ಹಿಂದಿರುಗಿ, 'ಅತ್ಯಂತ ಶಾಂತ ವಾತಾವರಣ' ಎಂದು ವರದಿ ಮಾಡಿರುತ್ತದೆ.

4. ಹೀಗೆ ಎಲ್ಲವೂ ಸುಸೂತ್ರವಾಗಿ ನಡೆದಿರುವಾಗ, ಒಂದು ದಿನ ನಿರ್ದೇಶಕರು ಕನ್ನಡಕವನ್ನು ಮನೆಯಲ್ಲೇ ಮರೆತು ಬಂದರು. ಅದನ್ನು ತಲುಪಿಸಲು ಅವರ ಅತ್ತೆಯವರು ಖುದ್ದಾಗಿ ಆಟೋ ಮಾಡಿಕೊಂಡು ಬಂದರು, ಬೋರ್ಡ್ ಓದಿದರು, ತಳ್ಳಿದರು, ಇನ್ನೊಮ್ಮೆ ತಳ್ಳಿದರು. ಬಳಿಕ ಮನೆಗೆ ವಾಪಸ್ಸಾಗಿ ಮಗಳನ್ನು ಕೂರಿಸಿಕೊಂಡು, "ಆಫೀಸಿಗೆ ಬೀಗ ಹಾಕಿದೆಯಲ್ಲೇ, ಅಳಿಯಂದಿರು ದಿನಾ ಬೆಳಿಗ್ಗೆ ಬ್ಯಾಗ್ ಹಿಡ್ಕೊಂಡು ಹೋಗೋದು ಎಲ್ಲಿಗೆ?" ಎಂದು ಕೇಳಿದರೆಂಬುದು ಕಡತದಲ್ಲಿಲ್ಲ, ಆದರೆ ಕಚೇರಿಯಲ್ಲಿ ಎಲ್ಲರಿಗೂ ಗೊತ್ತು. ಮರುದಿನ ಕಚೇರಿ ತೆರೆಯುತ್ತಿದ್ದಂತೆಯೇ, ಸಾರ್ವಜನಿಕ ಹಿತಾಸಕ್ತಿಯನ್ನು ಗಮನದಲ್ಲಿರಿಸಿಕೊಂಡು, 'ದ್ವಾರ ಸಹಾಯಕಿ' ಎಂಬ ತಾತ್ಕಾಲಿಕ ಹುದ್ದೆಯನ್ನು ಸೃಜಿಸಲಾಯಿತು.

5. ಬೋರ್ಡನ್ನೇ ಅದಲುಬದಲು ಮಾಡಬಹುದಿತ್ತಲ್ಲ ಎಂದು ಕೆಲವರು ಬಾಯಿಬಿಟ್ಟು ಕೇಳಿರುತ್ತಾರೆ. ಕೇಳುವುದು ಸುಲಭ. ಬೋರ್ಡ್ ಕಾಮಗಾರಿ ಶಾಖೆಗೆ ಸೇರಿದ್ದು, ಹುದ್ದೆ ಸಾಮಾನ್ಯ ಶಾಖೆಗೆ ಸೇರಿದ್ದು. 'ಹೊರಗಿನ ಬೋರ್ಡನ್ನು ಒಳಗೆ ಹಾಕುವುದು' ಎಂದು ಕೆಳಸಹಿದಾರರು ಬರೆದ ಪತ್ರಕ್ಕೆ ಕಾಮಗಾರಿ ಶಾಖೆಯು, 'ಹೊರಗೆ ಎಂದರೆ ಯಾವ ಕಡೆ' ಎಂದು ಸ್ಪಷ್ಟೀಕರಣ ಕೋರಿತು. ನೀಡಲಾಯಿತು. ಸದರಿ ಶಾಖೆಯು ಎದುರಿನ ಕಟ್ಟಡದಲ್ಲಿರುವುದರಿಂದ ತಮಗೆ ಎರಡೂ ಕಡೆ ಹೊರಗೇ ಆಗುತ್ತದೆಂದು ಅವರು ಕಡತವನ್ನು ಮರಳಿಸಿದರು. ಎತ್ತು ಏರಿಗೆ ಎಳೆದರೆ ಕೋಣ ನೀರಿಗೆ ಎಳೆಯಿತು. ಕಡತ ಈಗಲೂ ಓಡಾಡಿಕೊಂಡು ಆರೋಗ್ಯವಾಗಿದೆ.

6. ದ್ವಾರ ಸಹಾಯಕಿಯಾಗಿ ನೇಮಕಗೊಂಡವರನ್ನು ಸಿಬ್ಬಂದಿಯೂ ಸಾರ್ವಜನಿಕರೂ 'ಬಾಗಿಲಕ್ಕ' ಎಂದೇ ಕರೆಯುತ್ತಿದ್ದು, ಹಾಜರಿ ಪುಸ್ತಕದಲ್ಲೂ ಹಾಗೇ ನಮೂದಾಗಿರುವುದು ವಿಷಾದನೀಯ. ಇವರ ಯಜಮಾನರು ಮೊದಲು ಲಾರಿ ಓಡಿಸುತ್ತಿದ್ದು, ಕಣ್ಣು ಮಂಜಾದ ಮೇಲೆ ಮನೆಯಲ್ಲಿದ್ದಾರೆ. ಮಗಳು ನರ್ಸಿಂಗ್ ಕೊನೆಯ ವರ್ಷದಲ್ಲಿದ್ದಾಳೆ. ಮನೆ ನಡೆಯುವುದು ಈ ಬಾಗಿಲಿನಿಂದ. ಇವರು ಹೊರಗೆ ನಿಂತವರನ್ನು ಕಂಡೊಡನೆ ಎದ್ದು ಹೋಗಿ, "ಎಳೀರಿ ಅಣ್ಣಾ, ಎಳೀರಿ. ಬೋರ್ಡ್ ನಂಬಬೇಡಿ, ನನ್ನ ನಂಬಿ" ಎಂದು ಹೇಳುವುದು ವಾಡಿಕೆ. ವಯಸ್ಸಾದವರಿಗೆ ನೀರು ಕೊಡುವುದು, ಅಳುವ ಮಗುವನ್ನು ಎತ್ತಿಕೊಳ್ಳುವುದು, ಗಂಡಹೆಂಡತಿ ಜಗಳವಾಡುತ್ತಾ ಬಂದರೆ ಇಬ್ಬರಿಗೂ ಬೈದು ಒಂದೇ ಸಾಲಿನಲ್ಲಿ ನಿಲ್ಲಿಸುವುದು ಇವು ಕರ್ತವ್ಯಪಟ್ಟಿಯಲ್ಲಿ ಇರುವುದಿಲ್ಲ. ಬಾಯಿ ಜಾಸ್ತಿ, ಬೇರೆಯವರ ಮನೆ ಸುದ್ದಿ ಬೇಕು, ಮಧ್ಯಾಹ್ನ ಊಟವಾದ ಮೇಲೆ ಕಣ್ಣು ಎಳೆಯುತ್ತದೆ ಎಂಬ ದೂರುಗಳಿದ್ದು ಅವೆಲ್ಲವೂ ನಿಜ. ಆದಾಗ್ಯೂ ಅವರು ಬಂದಂದಿನಿಂದ ಈ ಕಚೇರಿಗೆ ಜನ ಬರತೊಡಗಿದರು, ಅರ್ಜಿ ಬರತೊಡಗಿದವು, ಪ್ರಶಂಸಾಪತ್ರ ವಾಪಸ್ಸು ಹೋಯಿತು. ಕೆಳಸಹಿದಾರರಿಗೆ ಇದರಿಂದ ಕೆಲಸ ಹೆಚ್ಚಾಗಿ ಸಿಟ್ಟು ಬಂದಿತ್ತು. ಈಗ ಬರುವುದಿಲ್ಲ.

7. ಕಾಲಕ್ರಮೇಣ ಸಾರ್ವಜನಿಕರು ಪೂರ್ತಿ ಪಳಗಿದರು. ಬೋರ್ಡ್ ಏನು ಹೇಳುತ್ತದೋ ಅದರ ಉಲ್ಟಾ ಮಾಡಬೇಕು ಎಂಬುದು ಅವರ ಮೂಳೆಗೆ ಇಳಿಯಿತು. ಇದೇ ಸಮಯಕ್ಕೆ ಹುದ್ದೆ ಪರಿಶೀಲನಾಧಿಕಾರಿಗಳು ಮೊದಲ ಬಾರಿಗೆ ಭೇಟಿ ನೀಡಿ, ಬೋರ್ಡಿನಂತೆ ತಳ್ಳಿ, ಬೆವತು, ಕೊನೆಗೆ ಬಾಗಿಲಕ್ಕನ ಸಹಾಯದಿಂದ ಒಳಬಂದರು. "ಸಾರ್, ಈ ಆಫೀಸಲ್ಲಿ ಬೋರ್ಡ್ ಹೇಳಿದ್ದಕ್ಕೆ ಯಾವಾಗ್ಲೂ ಉಲ್ಟಾ ಮಾಡ್ಬೇಕು, ನೆನಪಿಟ್ಕೊಳ್ಳಿ" ಎಂದು ಅವರಿಗೂ ಪಾಠವಾಯಿತು. ಅವರು ಒಳಬಂದು ಕುಳಿತು ಬರೆದ ವರದಿಯ ಸಾರಾಂಶ ಇಷ್ಟು: ಎರಡು ತಿರುಪಿನ ಕೆಲಸಕ್ಕೆ ಒಂದು ಹುದ್ದೆಯೇ? ಇದು ಮೂಗಿಗಿಂತ ಮೂಗುತಿ ಭಾರ ಆದಂತೆ. ಬೋರ್ಡುಗಳನ್ನು ಅದಲುಬದಲು ಮಾಡತಕ್ಕದ್ದು, ತದನಂತರ ಸಹಾಯ ಬೇಕಾದವರು ಒಬ್ಬರೂ ಇಲ್ಲವೆಂದು ಖಚಿತಪಡಿಸಿಕೊಂಡು ಹುದ್ದೆಯನ್ನು ರದ್ದುಪಡಿಸತಕ್ಕದ್ದು.

8. ವರದಿ ಬಂದ ಮರುದಿನ, ಹೊಸದಾಗಿ ಸೇರಿದ ಕಿರಿಯ ಎಂಜಿನಿಯರೊಬ್ಬರು, ಕಡತ ಯಾವ ಮೇಜಿನ ಮೇಲಿದೆ ಎಂದೂ ಕೇಳದೆ, ಸ್ವಂತ ಸ್ಕ್ರೂಡ್ರೈವರ್ ತಂದು ಬೋರ್ಡುಗಳನ್ನು ಬದಲಿಸಿಬಿಟ್ಟರು. ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ. ಹೊರಗೆ 'ಎಳೆಯಿರಿ', ಒಳಗೆ 'ತಳ್ಳಿ' ಎಂದಾಯಿತು. ಎಲ್ಲವೂ ಸರಿಹೋಯಿತು, ಅಂದರೆ ಎಲ್ಲವೂ ಕೆಟ್ಟಿತು. ಪಳಗಿದ ಸಾರ್ವಜನಿಕರು ಬಂದರು, 'ಎಳೆಯಿರಿ' ಎಂಬುದನ್ನು ಓದಿದರು, ಓಹೋ ಗೊತ್ತು ಬಿಡಿ ಎಂಬಂತೆ ನಕ್ಕು, ಭುಜ ಕೊಟ್ಟು ತಳ್ಳಿದರು. ಒಳಗಿದ್ದವರು 'ತಳ್ಳಿ' ಎಂಬುದನ್ನು ಓದಿ, ಕಾಲೂರಿ ಎಳೆದರು. ಅಂದು ಮಧ್ಯಾಹ್ನದವರೆಗೆ ಯಾರೂ ಒಳಗೆ ಬರಲಿಲ್ಲ, ಯಾರೂ ಹೊರಗೆ ಹೋಗಲಿಲ್ಲ. ಬಾಗಿಲಕ್ಕ ಅಂದು ಮಗಳ ಕಾಲೇಜಿಗೆಂದು ಅರ್ಧ ದಿನ ರಜೆಯಲ್ಲಿದ್ದರು. ನಿರ್ದೇಶಕರು ಕಿಟಕಿಯಿಂದ ಊಟದ ಡಬ್ಬಿ ಪಡೆದರು.

ಸೂಚನೆಗಳು

9. ಮೇಲ್ಕಂಡ ಪರಿಸ್ಥಿತಿಯನ್ನು ಕೂಲಂಕಷವಾಗಿ ಪರಿಶೀಲಿಸಿ, ಮುಖ್ಯದ್ವಾರದ ಬಳಕೆಯ ಬಗ್ಗೆ ಈ ಮೂಲಕ ಕೆಳಕಂಡಂತೆ ಸೂಚಿಸಲಾಗಿದೆ:

(ಅ) ಈ ಸುತ್ತೋಲೆಯಲ್ಲಿ 'ಬಾಗಿಲು' ಎಂದರೆ ಗೋಡೆಯಲ್ಲದ್ದು. ಕಿಟಕಿಯನ್ನು ಇದರಿಂದ ಹೊರತುಪಡಿಸಲಾಗಿದೆ. ನಿರ್ದೇಶಕರ ಊಟದ ಸಮಯದಲ್ಲಿ ಮಾತ್ರ ಕಿಟಕಿಯನ್ನೂ ಬಾಗಿಲೆಂದು ಪರಿಗಣಿಸತಕ್ಕದ್ದು.

(ಆ) ಬೋರ್ಡ್ ಬದಲಾಗುವ ಮುನ್ನ ಒಮ್ಮೆಯಾದರೂ ಒಳಬಂದವರನ್ನು 'ಪಳಗಿದ ಸಾರ್ವಜನಿಕರು' ಎಂದೂ ಉಳಿದವರನ್ನು 'ಪಳಗದ ಸಾರ್ವಜನಿಕರು' ಎಂದೂ ವರ್ಗೀಕರಿಸಲಾಗಿದೆ. ಪಳಗದವರು ಬೋರ್ಡಿನಂತೆ ನಡೆಯತಕ್ಕದ್ದು. ಪಳಗಿದವರು ಬೋರ್ಡಿಗೆ ಉಲ್ಟಾ ಮಾಡಬೇಕೆನಿಸಿದ್ದಕ್ಕೆ ಉಲ್ಟಾ ಮಾಡತಕ್ಕದ್ದು. ತಾವು ಯಾವ ವರ್ಗಕ್ಕೆ ಸೇರಿದವರೆಂಬ ಬಗ್ಗೆ ಸಂಶಯವಿದ್ದವರು ಒಳಗಿನ ಮೂರನೇ ಕೌಂಟರಿನಲ್ಲಿ ವಿಚಾರಿಸಬಹುದು.

(ಇ) ಒಳಬರಲು ಸಾಧ್ಯವಾಗದವರು, ಒಳಬರಲು ಸಾಧ್ಯವಾಗುತ್ತಿಲ್ಲವೆಂಬ ದೂರನ್ನು ಅದೇ ಕೌಂಟರಿಗೆ ಖುದ್ದಾಗಿ ಬಂದು ಸಲ್ಲಿಸತಕ್ಕದ್ದು. ಅಂಚೆಯ ಮೂಲಕ ಬಂದ ದೂರುಗಳನ್ನು ಸ್ವೀಕರಿಸಲಾಗುವುದಿಲ್ಲ, ಏಕೆಂದರೆ ಅಂಚೆಯಣ್ಣನೂ ಹೊರಗೇ ಇದ್ದಾನೆ.

(ಈ) ಬೋರ್ಡಿನ ಕೆಳಗೆ 'ಮೇಲಿನದು ನಿಜ' ಎಂಬ ಎರಡನೇ ಬೋರ್ಡ್ ಹಾಕಲಾಗಿತ್ತು. ಪಳಗಿದವರು ಅದನ್ನೂ ಓದಿ ನಕ್ಕರು. ಅದರ ಕೆಳಗೆ 'ದೇವರಾಣೆಗೂ ನಿಜ' ಎಂಬ ಮೂರನೇ ಬೋರ್ಡ್ ಹಾಕಿದ ಮೇಲಂತೂ, ಈ ಪರಿ ಆಣೆ ಹಾಕುತ್ತಾರೆಂದರೆ ಏನೋ ಇದೆ ಎಂದು ಪಳಗದವರೂ ತಳ್ಳತೊಡಗಿದ್ದಾರೆ. ಇನ್ನು ಮುಂದೆ ಬೋರ್ಡ್ ಹಾಕುವುದನ್ನು ನಿಷೇಧಿಸಲಾಗಿದೆ. ನಿಷೇಧದ ಬೋರ್ಡನ್ನು ಪ್ರತ್ಯೇಕವಾಗಿ ಹಾಕಲಾಗುವುದು.

(ಉ) ಹೊರಗಿನವರು ಎಳೆಯುವ ಹೊತ್ತಿಗೇ ಒಳಗಿನವರು ತಳ್ಳಿದಲ್ಲಿ ಬಾಗಿಲು ಒಮ್ಮೆಲೇ ತೆರೆದು ಇಬ್ಬರೂ ಮೆಟ್ಟಿಲಿನ ಮೇಲೆ ಬೀಳುವ ಸಂಭವವಿದೆ. ಹೀಗೆ ಬಿದ್ದವರು ಇಲಾಖೆಯೊಂದಿಗೆ ಪೂರ್ಣ ಸಹಕರಿಸಿದ್ದಾರೆಂದು ಪರಿಗಣಿಸಲಾಗುವುದು. ಯಾರ ಮೇಲೆ ಯಾರು ಬಿದ್ದರು ಎಂಬ ಬಗ್ಗೆ ವಾಗ್ವಾದ ಬೇಡ.

(ಊ) ಸಾರ್ವಜನಿಕರ ಕಷ್ಟ ಅರಿಯುವ ಸಲುವಾಗಿ ಹಿರಿಯ ಅಧಿಕಾರಿಗಳು ತಿಂಗಳಿಗೊಮ್ಮೆ ತಪ್ಪು ದಿಕ್ಕಿನಲ್ಲಿ ಬಾಗಿಲನ್ನು ತಳ್ಳತಕ್ಕದ್ದು. ಛಾಯಾಗ್ರಾಹಕರು ಬರುವ ಮುನ್ನವೇ ತಳ್ಳಿ ಮುಗಿಸತಕ್ಕದ್ದಲ್ಲ.

(ಋ) ಹೊರಗಿನವರ ಪರದಾಟವನ್ನು ಒಳಗಿನಿಂದ ನೋಡಿ ಸಿಬ್ಬಂದಿ ನಗತಕ್ಕದ್ದಲ್ಲ. ತಡೆಯಲಾಗದಿದ್ದಲ್ಲಿ ಕಡತವನ್ನು ಮುಖಕ್ಕೆ ಅಡ್ಡ ಹಿಡಿದು ನಗತಕ್ಕದ್ದು. ಕಡತ ತಲೆಕೆಳಗಾಗಿ ಹಿಡಿದವರಿಂದ ವಿವರಣೆ ಕೇಳಲಾಗುವುದು.

(ೠ) ಪಳಗಿದವರು ಈ ಅಭ್ಯಾಸವನ್ನು ಊರ ತುಂಬಾ ಹಬ್ಬಿಸುತ್ತಿದ್ದು, ಎದುರಿನ ಉದ್ಯಾನದಲ್ಲಿ 'ಹೂ ಕೀಳಬೇಡಿ' ಎಂಬ ಬೋರ್ಡಿನ ಸುತ್ತ ಒಂದೂ ಹೂ ಉಳಿದಿಲ್ಲವೆಂದು ಮಾಲಿಯವರು ಕಣ್ಣೀರಿಟ್ಟಿರುತ್ತಾರೆ. ಅವರಿಗೆ ಬೋರ್ಡನ್ನು 'ದಯವಿಟ್ಟು ಹೂ ಕೀಳಿ' ಎಂದು ಬದಲಿಸಲು ಸಲಹೆ ನೀಡಲಾಗಿತ್ತು. ಪಳಗದವರು ಅದನ್ನು ಓದಿ ಗಿಡ ಸಮೇತ ಒಯ್ದಿದ್ದಾರೆ. ಕಾಮಗಾರಿ ಶಾಖೆಯು ಇದು ತಮಗೆ ಸಂಬಂಧಿಸಿದ್ದಲ್ಲವೆಂದು ತಿಳಿಸಿದೆ.

ನಡೆದ ಸಂಗತಿಯ ಟಿಪ್ಪಣಿ

10. ಈ ಮಧ್ಯೆ ಹುದ್ದೆ ರದ್ದತಿಯ ಆದೇಶ ಸಿದ್ಧವಾಯಿತು. ಅದನ್ನು ಹುದ್ದೆ ಪರಿಶೀಲನಾಧಿಕಾರಿಗಳೇ ತಂದು, ಪರಿಶೀಲನೆಯ ಅವಧಿ ಮುಗಿಯುವ ದಿನ ಕಚೇರಿ ಮುಚ್ಚುವುದರೊಳಗೆ ಒಳಗೆ ಬಂದು ಕೈಗೆ ಕೊಡತಕ್ಕದ್ದೆಂದು ನಿಯಮವಿದೆ. ಕೊಡದಿದ್ದಲ್ಲಿ ಆದೇಶ ತಾನಾಗಿ ರದ್ದಾಗಿ, ಹುದ್ದೆ ಇನ್ನೊಂದು ವರ್ಷ ಮುಂದುವರಿಯುತ್ತದೆ. ಈ ನಿಯಮ ಬಾಗಿಲಕ್ಕನಿಗೂ ಗೊತ್ತಿತ್ತು. ಕೆಳಸಹಿದಾರರೇ ಹೇಳಿದ್ದರು. ಹೇಳಬಾರದಿತ್ತು, ಹೇಳಿದ್ದರು.

11. ಅಂದು ಕಚೇರಿ ಮುಚ್ಚಲು ಇನ್ನೇನು ಸ್ವಲ್ಪ ಹೊತ್ತಿದೆ ಎನ್ನುವಾಗ ಅಧಿಕಾರಿಗಳು ಚೀಲ ಕಂಕುಳಲ್ಲಿಟ್ಟುಕೊಂಡು ಬಂದರು. 'ಎಳೆಯಿರಿ' ಎಂಬ ಬೋರ್ಡನ್ನು ಓದಿದರು. ಬೋರ್ಡ್ ಬದಲಿಸಿ ಎಂದು ಬರೆದವರು ಅವರೇ. ಆದರೆ ಈ ಕಚೇರಿಯಲ್ಲಿ ಬೋರ್ಡಿಗೆ ಉಲ್ಟಾ ಮಾಡಬೇಕು ಎಂದು ಕಲಿತವರೂ ಅವರೇ. ವರದಿ ಕೈಯಿಂದ ಬರೆದದ್ದು, ಪಾಠ ಮೈಯಿಂದ ಕಲಿತದ್ದು. ಅವರು ತಳ್ಳಿದರು. ಚೀಲ ಕೆಳಗಿಟ್ಟು ಎರಡೂ ಕೈಯಲ್ಲಿ ತಳ್ಳಿದರು. ಪಡುವಣ ಬಿಸಿಲು ನೇರ ಅವರ ಬೋಳುತಲೆಯ ಮೇಲೆ ಹೊಡೆಯುತ್ತಿತ್ತು.

12. ಒಳಗೆ ಇಡೀ ಸಿಬ್ಬಂದಿ ಕಡತಗಳನ್ನು ಮುಖಕ್ಕೆ ಹಿಡಿದು ಕುಳಿತಿತ್ತು. ಯಾರೂ ನಗುತ್ತಿರಲಿಲ್ಲ ಎಂಬುದನ್ನು ದಾಖಲಿಸಲಾಗಿದೆ. ಎಲ್ಲರ ಕಣ್ಣೂ ಗೋಡೆಯ ಗಡಿಯಾರದ ಮೇಲಿತ್ತು. ಕೆಳಸಹಿದಾರರು ತಮ್ಮ ಸೇವಾವಧಿಯಲ್ಲಿ ಎಂದೂ ನಿಯಮ ಮೀರಿದವರಲ್ಲ, ಆದರೂ ಅಂದು ಬಾಗಿಲಕ್ಕನ ಕಡೆ ತಿರುಗಿ, ಕೂತಿರಿ, ಏಳಬೇಡಿ ಎಂದು ಕೈಸನ್ನೆ ಮಾಡಿರುತ್ತಾರೆ. ಈ ಬಗ್ಗೆ ತಮ್ಮ ಮೇಲೆ ಶಿಸ್ತುಕ್ರಮಕ್ಕೆ ತಾವೇ ಶಿಫಾರಸು ಮಾಡಿ, ತಾವೇ ಪರಿಶೀಲಿಸಿ, ಎಚ್ಚರಿಕೆ ಕೊಟ್ಟುಕೊಂಡಿದ್ದಾರೆ. ಬಾಗಿಲಕ್ಕ ಕೂತರು. ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡರು, ಬಿಚ್ಚಿದರು. ಹೊರಗೆ ಅಧಿಕಾರಿಗಳು ಕರವಸ್ತ್ರ ತೆಗೆದು ತಲೆ ಒರೆಸಿಕೊಂಡು, ಗಾಜಿಗೆ ಹಣೆ ಕೊಟ್ಟು ನಿಂತರು.

13. "ಅಯ್ಯೋ, ಹಾಳಾಗಿ ಹೋಗ್ಲಿ. ಆ ಮನುಷ್ಯನ್ನ ಹಾಗೆ ಬಿಸಿಲಲ್ಲಿ ನಿಲ್ಲಿಸಿ ಉಳ್ಸ್ಕೊಂಡ ಕೆಲಸ ನನಗೆ ದಕ್ಕುತ್ತಾ ಸಾರ್?" ಎಂದು ಹೇಳಿ ಬಾಗಿಲಕ್ಕ ಎದ್ದರು. ಅವರು ಹೋಗಿ ಬಾಗಿಲನ್ನು ತಳ್ಳಿ ತೆರೆದು, ಅಧಿಕಾರಿಗಳ ಚೀಲವನ್ನು ತಾವೇ ಎತ್ತಿಕೊಂಡು ಬಂದು ಕುರ್ಚಿ ಹಾಕಿ, ನೀರು ಕೊಟ್ಟರು. ಆದೇಶ ಆ ಚೀಲದಲ್ಲೇ ಇತ್ತು. ಲೆಕ್ಕದ ಗುಮಾಸ್ತರು ಕಡತದ ಹಿಂದೆ ಮೂಗು ಒರೆಸಿಕೊಂಡಿದ್ದು, ಶೀತವೆಂದು ತಿಳಿಸಿರುತ್ತಾರೆ.

14. ಅಧಿಕಾರಿಗಳು ನೀರು ಕುಡಿದು, ಆದೇಶವನ್ನು ಹೊರತೆಗೆದರು. ಅದರ ಕೊನೆಯಲ್ಲಿ ತುಂಬಬೇಕಾದ ಒಂದೇ ಒಂದು ಸಾಲು ಖಾಲಿಯಿತ್ತು: 'ಬೋರ್ಡ್ ಬದಲಾದ ನಂತರವೂ ಒಳಬರಲು ಸಹಾಯ ಬೇಕಾದ ವ್ಯಕ್ತಿಗಳು ಯಾರಾದರೂ ಇದ್ದಲ್ಲಿ ನಮೂದಿಸುವುದು.' ಅವರು ಪೆನ್ನಿನ ಮುಚ್ಚಳ ತೆಗೆದು ಬಹಳ ಹೊತ್ತು ಆ ಸಾಲನ್ನು ನೋಡಿದರು. ನಂತರ ಬಾಗಿಲನ್ನು ನೋಡಿದರು. ನಂತರ, ಕೈಯಲ್ಲಿ ಖಾಲಿ ಲೋಟ ಹಿಡಿದು ಇನ್ನಷ್ಟು ನೀರು ಬೇಕೇ ಎಂಬಂತೆ ನಿಂತಿದ್ದ ಬಾಗಿಲಕ್ಕನನ್ನು ನೋಡಿದರು. ಆಮೇಲೆ ತಮ್ಮ ಹೆಸರನ್ನೂ ಹುದ್ದೆಯನ್ನೂ ಆ ಸಾಲಿನಲ್ಲಿ ಸ್ವಚ್ಛವಾಗಿ ಬರೆದು, ಸಹಿ ಹಾಕಿ, ದಿನಾಂಕವನ್ನೂ ನಮೂದಿಸಿದರು.

15. ಹೋಗುವಾಗ ಅವರು ಒಳಗಿನ 'ತಳ್ಳಿ' ಬೋರ್ಡನ್ನು ಓದಿ ಬಾಗಿಲನ್ನು ಎಳೆಯತೊಡಗಿದ್ದು, ಬಾಗಿಲಕ್ಕ ಮತ್ತೆ ಎದ್ದು ಹೋಗಬೇಕಾಯಿತು.

ಆದೇಶ

16. ಮೇಲಿನ ಕಾರಣಗಳಿಂದಾಗಿ, ಬೋರ್ಡ್ ಬದಲಾದ ನಂತರವೂ ಸಹಾಯ ಬೇಕಾದ ಕನಿಷ್ಠ ಒಬ್ಬ ವ್ಯಕ್ತಿ ಅಸ್ತಿತ್ವದಲ್ಲಿರುವುದು ಸಕ್ಷಮ ಪ್ರಾಧಿಕಾರದ ಸ್ವಹಸ್ತಾಕ್ಷರದಿಂದಲೇ ದೃಢಪಟ್ಟಿರುವುದರಿಂದ, ದ್ವಾರ ಸಹಾಯಕಿ ಹುದ್ದೆಯ ರದ್ದತಿಯನ್ನು ರದ್ದುಪಡಿಸಿ, ಸದರಿ ಹುದ್ದೆಯನ್ನು ಕಾಯಂಗೊಳಿಸಲಾಗಿದೆ. ಸಾರ್ವಜನಿಕರು ಬಾಗಿಲನ್ನು ಬಳಸಲು ಸಂಪೂರ್ಣವಾಗಿ ಕಲಿತಿದ್ದಾರೆಂದು ಯಾರಾದರೂ ವರದಿ ನೀಡಲಿಚ್ಛಿಸಿದಲ್ಲಿ, ಅವರು ಮೊದಲು ಯಾರ ಸಹಾಯವೂ ಇಲ್ಲದೆ ಒಳಗೆ ಬಂದು ತೋರಿಸತಕ್ಕದ್ದು.

ಸಹಿ/-
(ಕೆಳಸಹಿದಾರರು)
ಅಧೀಕ್ಷಕರು, ಸಾಮಾನ್ಯ ಶಾಖೆ
ಕೇಂದ್ರ ಕಚೇರಿ

ಪ್ರತಿಗಳು:
1. ನಿರ್ದೇಶಕರಿಗೆ, ಕಿಟಕಿಯ ಮೂಲಕ.
2. ನಿರ್ದೇಶಕರ ಅತ್ತೆಯವರಿಗೆ, ಅಳಿಯಂದಿರು ಕಚೇರಿಯಲ್ಲೇ ಇದ್ದರೆಂಬುದಕ್ಕೆ ದಾಖಲೆಯಾಗಿ.
3. ಕಾಮಗಾರಿ ಶಾಖೆಗೆ, ಹೊರಗಿನಿಂದ ಒಳಗೆ ಅಥವಾ ಅವರು ಹೇಳಿದ ಕಡೆಯಿಂದ.
4. ಕಿರಿಯ ಎಂಜಿನಿಯರ್ ಅವರಿಗೆ, ಸ್ಕ್ರೂಡ್ರೈವರನ್ನು ಕೂಡಲೇ ಒಪ್ಪಿಸುವ ಸೂಚನೆಯೊಂದಿಗೆ.
5. ಉದ್ಯಾನದ ಮಾಲಿಯವರಿಗೆ, ಸಂತಾಪಪೂರ್ವಕವಾಗಿ.
6. ಲೆಕ್ಕದ ಗುಮಾಸ್ತರಿಗೆ, ಶೀತಕ್ಕೆ ಬಿಸಿನೀರು ಕುಡಿಯುವಂತೆ ಕೋರಿ.
7. ಹುದ್ದೆ ಪರಿಶೀಲನಾಧಿಕಾರಿಗಳಿಗೆ, ಗೌರವಪೂರ್ವಕವಾಗಿ. ಮುಂದಿನ ಭೇಟಿಯಲ್ಲಿ ಏನನ್ನೂ ಓದದೆ ಸುಮ್ಮನೆ ನಿಲ್ಲಬೇಕಾಗಿ ವಿನಂತಿ. ಬಾಗಿಲಕ್ಕ ಬಂದು ತೆಗೆಯುತ್ತಾರೆ.
8. ಬಾಗಿಲಕ್ಕನಿಗೆ. ಓದಿ ಹೇಳಲು ಮಗಳಿಗೆ ಕೊಡುವುದು. ನಾಳೆಯೂ ಬರತಕ್ಕದ್ದು.